ಕೋಟು ಉಜ್ಜುವವಳು

ಈಸ್ಟರ್ ಹಬ್ಬಕ್ಕೆ ಮುಂಚಿನ ತಪಸ್ಸುಕಾಲದ ಮೊದಲ ಭಾನುವಾರ ನಾಕ್‌ನಬ್ರೋನ್ ಊರಿನಲ್ಲಿ ಸೀಮೆಸುಣ್ಣಕ್ಕೆ ಬಿಡುವಿಲ್ಲ. ಪೂಜೆ ಮುಗಿಸಿ ಚರ್ಚಿನ ಗೇಟು ದಾಟುವ ಜನರಲ್ಲಿ ಮದುವೆಯಾಗದೆ ಉಳಿದವರು ಯಾರು ಎಂದು ನೋಡಬೇಕು. ಹಿಂದಿನಿಂದ ಬಂದು ಅವರ ಬೆನ್ನ ಮೇಲೆ ಬಿಳಿ ಶಿಲುಬೆ ಎಳೆಯಬೇಕು. ಎಳೆದವರು ಕೇಕೆ ಹಾಕಬೇಕು. ಎಳೆಸಿಕೊಂಡವರು ನಗಬೇಕು. ನಗದಿದ್ದರೆ ಅವರಿಗೆ ತಮಾಷೆ ಗೊತ್ತಾಗುವುದಿಲ್ಲ ಎಂದು ಅರ್ಥ.

ಬುಧವಾರ ಬೂದಿ ಹಚ್ಚಿಸಿಕೊಂಡ ಮೇಲೆ ಈಸ್ಟರ್ ತನಕ ಪಾದ್ರಿ ಯಾರಿಗೂ ಮದುವೆ ಮಾಡಿಸುವುದಿಲ್ಲ. ಹಿಂದಿನ ದಿನ ಮಂಗಳವಾರವೇ ಕೊನೆ. ಅಷ್ಟರೊಳಗೆ ಆಗದೆ ಉಳಿದವರು ಮೈಗಳ್ಳರು, ಊರಿಗೆ ಭಾರ ಎಂದು ಲೆಕ್ಕ. ಹಾಗಾಗಿ ಬೆನ್ನಿಗೆ ಗುರುತು. ಮದುವೆ ಆಗದಂತೆ ನೋಡಿಕೊಂಡವರಿಗೂ ಒಂದು ಗುರುತು ಇತ್ತು, ಇಲ್ಲವೆಂದಲ್ಲ. ಅವರಿಗೆ ಚರ್ಚಿನಲ್ಲಿ ಮೊದಲ ಬೆಂಚು.

ಗೊಬ್ನಿಟ್ ಹರ್ಲಿಹಿಯ ಕರಿ ಕೋಟಿನ ಮೇಲೆ ಹದಿನೆಂಟು ವರ್ಷದಲ್ಲಿ ಹದಿನೆಂಟು ಶಿಲುಬೆ ಬಿದ್ದಿದ್ದವು. ಕೋಟು ಅವಳ ತಾಯಿಯದು. ಶಿಲುಬೆ ಮಾತ್ರ ಅವಳದೇ. ಪ್ರತಿ ವರ್ಷ ಆ ಭಾನುವಾರ ಮನೆಗೆ ಬಂದು, ಕೋಟನ್ನು ಮೊಳೆಗೆ ನೇತು ಹಾಕಿ, ಹಂದಿ ಕೂದಲಿನ ಬ್ರಶ್ಶು ತೆಗೆದುಕೊಂಡು ಉಜ್ಜುತ್ತಿದ್ದಳು. ಒಣಗಿದ ಬ್ರಶ್ಶಿನಲ್ಲಿ ಸುಣ್ಣ ಪೂರ್ತಿ ಹೋಗುವುದಿಲ್ಲ. ಅರ್ಧ ಕೊಯ್ದ ಹಸಿ ಆಲೂಗಡ್ಡೆಯಿಂದ ಒಂದು ಸಲ ತಿಕ್ಕಿ, ಆಮೇಲೆ ಬ್ರಶ್ಶು ಹಾಕಬೇಕು. ಅದು ಅವಳೊಬ್ಬಳಿಗೆ ಗೊತ್ತು. ಆ ಮನೆಯಲ್ಲಿ ಬ್ರಶ್ಶು ಎಲ್ಲಿದೆ ಎಂಬುದೂ ಅವಳೊಬ್ಬಳಿಗೇ ಗೊತ್ತು.

ಅಣ್ಣ ಯೂಜೀನನ ಕೋಟನ್ನೂ ಅವಳೇ ಉಜ್ಜುತ್ತಿದ್ದಳು. ಮನೆಯಲ್ಲಿ ಒಂದು ಸಲ, ಚರ್ಚಿನ ಗೇಟಿನ ಹತ್ತಿರ ಇನ್ನೊಂದು ಸಲ. ಗಾಡಿಯಿಂದ ಇಳಿಯುವಾಗ ಕುದುರೆಯ ಕೂದಲು, ಒಣಹುಲ್ಲಿನ ಚೂರು ಅಂಟಿಕೊಂಡಿರುತ್ತಿದ್ದವು. ಯೂಜೀನ್ ಗೇಟಿನ ಕಂಬದ ಬಳಿ ನಿಂತು ದೊಡ್ಡವರ ಜೊತೆ ಮಾತಾಡುತ್ತಿರುವಾಗ ಅವಳು ಹಿಂದಿನಿಂದ ಬಂದು ಕೈಯಲ್ಲೇ ಕೊಡವುತ್ತಿದ್ದಳು. ಅವನು ತಿರುಗಿ ನೋಡುತ್ತಿರಲಿಲ್ಲ. ಮೈ ತಿಕ್ಕಿಸಿಕೊಳ್ಳುವ ಕುದುರೆಯ ಹಾಗೆ ಬೆನ್ನು ಸ್ವಲ್ಪ ಬಾಗಿಸಿ ನಿಲ್ಲುತ್ತಿದ್ದ. ಅಷ್ಟು ಸಹಕಾರ ಕೊಡುತ್ತಿದ್ದ, ಪಾಪ.

ಅವಳಿಗೆ ನಲವತ್ತೊಂದು. ಹತ್ತೊಂಬತ್ತನೇ ವಯಸ್ಸಿನಿಂದ ಹನ್ನೊಂದು ಹಸುವಿನ ಹಾಲು ಕರೆದಿದ್ದಾಳೆ. ಬೆಳಿಗ್ಗೆ ಒಂದು ಸಲ, ಸಂಜೆ ಒಂದು ಸಲ. ಕರುಗಳಿಗೆ ಬಕೆಟಿನಲ್ಲಿ ಬೆರಳದ್ದಿ ಹಾಲು ಕುಡಿಸಿದ್ದಾಳೆ. ಹಂದಿಗೆ ಬೇಯಿಸಿ ಹಾಕಿದ್ದಾಳೆ. ಜೌಗಿನಲ್ಲಿ ಉರುವಲಿನ ಮಣ್ಣುಹೆಂಟೆಯನ್ನು ಗಂಡಸರು ಕಡಿದು ಎಸೆದರೆ, ಅದನ್ನು ಮಂಡಿಯೂರಿ ಎತ್ತಿ ಒಂದಕ್ಕೊಂದು ಆನಿಸಿ ಒಣಗಲು ನಿಲ್ಲಿಸಿದ್ದಾಳೆ. ತಾಯಿ ಬಿದ್ದಮೇಲೆ ಒಂಬತ್ತು ವರ್ಷ ಅವಳನ್ನು ಹಾಸಿಗೆಯಲ್ಲಿ ಹೊರಳಿಸಿದ್ದಾಳೆ. ಎರಡು ಗಂಟೆಗೊಮ್ಮೆ ಎಡಕ್ಕೆ, ಎರಡು ಗಂಟೆಗೊಮ್ಮೆ ಬಲಕ್ಕೆ. ಬೆನ್ನಿನಲ್ಲಿ ಹುಣ್ಣಾಗಬಾರದು. ತಾಯಿಗೆ ಆಗಲಿಲ್ಲ. ಗೊಬ್ನಿಟ್‌ಳ ಸೊಂಟ ಮಾತ್ರ ಸೀದಾ ನಿಲ್ಲುವುದನ್ನು ಮರೆಯಿತು.

ಹೀಗಿದ್ದೂ ಸುಮ್ಮನೆ ಕೂತು ಮದುವೆಯನ್ನು ತಪ್ಪಿಸಿಕೊಂಡಳು ಎಂದು ಊರಿಗೆ ಅವಳ ಮೇಲೆ ಸಿಟ್ಟು.

ಕೇಳಿಕೊಂಡು ಬಂದವರಿರಲಿಲ್ಲ ಎಂದಲ್ಲ. ಮೂರು ಸಲ ಮದುವೆ ದಲ್ಲಾಳಿ ಬಾಟಲಿ ಹಿಡಿದು ಮನೆಗೆ ಬಂದಿದ್ದ. ಮೂರು ಸಲವೂ ಗೊಬ್ನಿಟ್ ಉಪ್ಪು ಹಂದಿಮಾಂಸ ಬೇಯಿಸಿ ಬಡಿಸಿ, ಬಾಗಿಲ ಆಚೆ ನಿಂತು ಕೇಳಿಸಿಕೊಂಡಿದ್ದಳು. ಮೊದಲನೆಯವನ ಜೌಗು ಜಾಸ್ತಿ, ಗಟ್ಟಿ ನೆಲ ಕಮ್ಮಿ ಎಂದ ಯೂಜೀನ್. ಎರಡನೆಯವನಿಗೆ, ತನಗೆ ಹೆಣ್ಣು ಗೊತ್ತಾಗುವ ತನಕ ತಡೆಯಿರಿ ಎಂದ. ಅದರಲ್ಲಿ ನ್ಯಾಯ ಇತ್ತು. ಬರುವ ಸೊಸೆಯ ಬಳುವಳಿಯೇ ಮನೆಯ ಮಗಳ ಬಳುವಳಿಯಾಗಿ ಹೊರಗೆ ಹೋಗುವುದು ಪದ್ಧತಿ. ಸೊಸೆ ಹನೋರಾ ಬಂದಳು. ಬಳುವಳಿಯೂ ಬಂತು. ಅದು ಕುದುರೆಗಾಡಿಯಾಯಿತು, ಒಳಗಿನ ಕೋಣೆಗೆ ಮರದ ನೆಲವಾಯಿತು. ಆ ಗಾಡಿಯಲ್ಲಿ ಗೊಬ್ನಿಟ್ ಹಿಂದಿನ ಹಲಗೆ ಮೇಲೆ ಕೂತು ಚರ್ಚಿಗೆ ಹೋಗಬಹುದಿತ್ತು. ಆ ಮರದ ನೆಲವನ್ನು ಅವಳು ವಾರಕ್ಕೊಮ್ಮೆ ತಿಕ್ಕಬಹುದಿತ್ತು. ತನ್ನ ಬಳುವಳಿಯನ್ನು ಅಷ್ಟು ಹತ್ತಿರದಿಂದ ನೋಡುವ ಭಾಗ್ಯ ಎಷ್ಟು ಹೆಣ್ಣುಮಕ್ಕಳಿಗೆ ಇರುತ್ತದೆ? ಮೂರನೆಯವನು ಬಂದಾಗ ತಾಯಿ ಹಾಸಿಗೆ ಹಿಡಿದಿದ್ದಳು. ಆಮೇಲೆ ದಲ್ಲಾಳಿ ಆ ಕಡೆ ತಲೆ ಹಾಕಲಿಲ್ಲ.

ಕಳೆದ ಜುಲೈನಲ್ಲಿ ತಾಯಿ ಸತ್ತಳು. ಅಕ್ಟೋಬರಿನಲ್ಲಿ ಥೇಡಿ ಲೂಸಿ ಮಾಡು ಹೊದಿಸಲು ಬಂದ.

ಥೇಡಿಗೆ ನಲವತ್ತಾರು. ಹುಲ್ಲಿನ ಮಾಡು ಹೊದಿಸುವುದು ಅವನ ಕಸುಬು. ಹೊಲವಿಲ್ಲ. ಸರ್ಕಾರ ಕೂಲಿಯವರಿಗೆಂದು ಕಟ್ಟಿಸಿಕೊಟ್ಟ ಎರಡು ಕೋಣೆಯ ಮನೆ, ಅದರ ಸುತ್ತ ಅರ್ಧ ಎಕರೆ. ಅಂಥವನಿಗೆ ಹಸು ಕಟ್ಟಿದ ಮನೆಯವರು ಹೆಣ್ಣು ಕೊಡುವುದಿಲ್ಲ. ಅವನ ಏಣಿ ಎಲ್ಲರ ಮನೆಯ ನೆತ್ತಿಗೆ ಹತ್ತುತ್ತಿತ್ತು. ಅವನು ಮಾತ್ರ ಯಾರ ಮನೆಯ ಒಳಕೋಣೆಗೂ ಹೋಗುವಂತಿರಲಿಲ್ಲ. ಊಟ ಅಡುಗೆಮನೆಯಲ್ಲಿ, ಬಾಗಿಲ ಪಕ್ಕದ ಸ್ಟೂಲಿನ ಮೇಲೆ.

ಕೆಳಗೆ ನಿಂತು ಹುಲ್ಲಿನ ಕಟ್ಟು, ಹುಲ್ಲನ್ನು ಬಿಗಿಯುವ ಕಡ್ಡಿ ಎತ್ತಿಕೊಡುವ ಕೆಲಸ ಗೊಬ್ನಿಟ್‌ಗೆ ಬಂತು. ಒಂಬತ್ತು ದಿನ.

“ಇಲ್ಲಿಂದ ನಿಮ್ಮಣ್ಣನ ಆಸ್ತಿ ಎಲ್ಲಾ ಕಾಣ್ತದೆ,” ಎಂದ ಥೇಡಿ ಮೇಲಿನಿಂದ. “ಯಾವ ಕಡೆ ನೋಡಿದ್ರೂ ನೀನೇ ಓಡಾಡ್ತಿರ್ತೀಯ. ಬೇರೆ ಜನ ಇಲ್ವಾ ಈ ಮನೇಲಿ?”

“ಇದಾರೆ. ಅವರು ಒಳಗಿರ್ತಾರೆ. ಮಾಡು ಕಿತ್ತು ಬಗ್ಗಿ ನೋಡು, ಕಾಣ್ತಾರೆ.”

“ಹೊದಿಸೋಕೆ ಕರೆದಿದಾರೆ ಕಣೇ. ಕಿತ್ತು ತೋರ್ಸು ಅಂದಿಲ್ಲ.”

ಮೂರನೇ ದಿನ ಕಡ್ಡಿ ತೆಗೆದುಕೊಳ್ಳುವಾಗ ಅವನು ಅವಳ ಬೆರಳು ನೋಡಿದ. ಗೆಣ್ಣಿನ ಹತ್ತಿರ ಸೀಳಿ ರಕ್ತ ಒಣಗಿತ್ತು. ಮರುದಿನ ಒಂದು ತಗಡಿನ ಡಬ್ಬಿಯಲ್ಲಿ ಹೆಬ್ಬಾತಿನ ಕೊಬ್ಬು ತಂದು ಏಣಿಯ ಕೆಳಗಿನ ಮೆಟ್ಟಿಲ ಮೇಲೆ ಇಟ್ಟ. ಆ ಮನೆಯಲ್ಲಿ ಹಸುವಿನ ಕೆಚ್ಚಲು ಒಡೆದರೆ ಹಚ್ಚಲು ಮುಲಾಮು ಇತ್ತು. ಕರೆಯುವ ಕೈ ಒಡೆದರೆ ಹಚ್ಚಲು ಇರಲಿಲ್ಲ.

ಅವನ ಕುತ್ತಿಗೆಯ ಹಿಂಭಾಗ ಗಾಳಿಗೆ ಬಿಸಿಲಿಗೆ ಕೆಂಪಾಗಿತ್ತು. ಅಲ್ಲಿ ಕೈ ಇಡಬೇಕು ಎಂದು ಅವಳಿಗೆ ಅನಿಸಿತು. ನಲವತ್ತೊಂದು ವರ್ಷದ ಹೆಂಗಸಿಗೆ ಹಾಗೆ ಅನಿಸುವುದು ಪಾಪ ಎಂದು ಪಾದ್ರಿ ಯಾವತ್ತೂ ಹೇಳಿರಲಿಲ್ಲ. ಆ ವಯಸ್ಸಿನ ಹೆಂಗಸಿಗೆ ಏನಾದರೂ ಅನಿಸುತ್ತದೆ ಎಂದು ಪಾದ್ರಿಗೆ ಗೊತ್ತಿದ್ದರೆ ತಾನೇ?

ಒಂಬತ್ತನೇ ದಿನ ಏಣಿ ಇಳಿದು ಥೇಡಿ ಟೋಪಿ ತೆಗೆದ.

“ಬೂದಿ ಬುಧವಾರದ ಹಿಂದಿನ ಮಂಗಳವಾರದೊಳಗೆ ಬರ್ತೀನಿ. ಬಾಟ್ಲಿ ತಗೊಂಡು, ಪದ್ಧತಿ ಪ್ರಕಾರ. ಬಳುವಳಿ ಗಿಳುವಳಿ ಕೇಳಲ್ಲ.”

“ಅಣ್ಣ ನಿನ್ನ ಭೂಮಿ ನೋಡೋಕೆ ಬರ್ತಾನೆ.”

“ಬರ್ಲಿ. ಅರ್ಧ ಎಕರೆ. ಜೋರಾಗಿ ನಡೆದ್ರೆ ಪಕ್ಕದವರ ಬೇಲಿಗೆ ಮೂಗು ತಾಗ್ತದೆ, ಸ್ವಲ್ಪ ನಿಧಾನ ಬಾ ಅನ್ನು.”

ಅವಳು ನಕ್ಕಳು. ನಕ್ಕು ಎಷ್ಟು ದಿನವಾಗಿತ್ತೋ, ಕೆನ್ನೆ ನೋಯಿತು.

ಊರಲ್ಲಿ ಹೆಣ್ಣು ಕೊಡುವ ಮೊದಲು ಭೂಮಿ ನಡೆದು ನೋಡುವುದು ಕಡ್ಡಾಯ. ಹೆಣ್ಣಿನ ಅಪ್ಪ, ಅಣ್ಣಂದಿರು ಹೋಗುತ್ತಾರೆ. ಮಣ್ಣು ಒದ್ದು ನೋಡುತ್ತಾರೆ, ನೀರು ಕುಡಿದು ನೋಡುತ್ತಾರೆ, ಹಸುವಿನ ಪಕ್ಕೆ ತಡವುತ್ತಾರೆ. ಅಲ್ಲಿ ಹೋಗಿ ಜೀವನ ತೆಗೆಯಬೇಕಾದವಳು ಮಾತ್ರ ಹೋಗುವಂತಿಲ್ಲ. ಅವಳಿಗೆ ಮಣ್ಣಿನ ವಿಷಯ ಏನು ಗೊತ್ತು?

ಫೆಬ್ರವರಿ ಬಂತು. ಆ ಮಂಗಳವಾರದ ಹಿಂದಿನ ಶನಿವಾರ ಹನೋರಾ ಹೇಳಿದಳು, “ನಮ್ಮಮ್ಮನ ಮನೇಲಿ ಬಿತ್ತನೆ ಆಲೂಗಡ್ಡೆ ಕೊಯ್ಯೋಕೆ ಜನ ಇಲ್ಲ ಕಣಮ್ಮ. ಎರಡು ದಿನ ಹೋಗಿ ಬಾ. ಹಾಲು ನಾನೇ ಹೇಗೋ ನೋಡ್ಕೋತೀನಿ.”

ಹನೋರಾ ತಾನೇ ಹಾಲು ಕರೆಯುತ್ತೇನೆ ಎಂದಾಗಲೇ ಅನುಮಾನ ಬರಬೇಕಿತ್ತು. ಗೊಬ್ನಿಟ್‌ಗೆ ಬರಲಿಲ್ಲ. ಎರಡು ದಿನ ಮೊಳಕೆಯ ಕಣ್ಣು ಹುಡುಕಿ ಗೆಡ್ಡೆಗಳನ್ನು ತುಂಡು ಕೊಯ್ದು ಬಂದಳು.

“ಯಾರಾದ್ರೂ ಬಂದಿದ್ರಾ ಅಣ್ಣಾ?” ಎಂದು ಕೇಳಿದಳು.

“ಯಾರು ಬರ್ತಾರೆ?” ಎಂದ ಯೂಜೀನ್, ಬೂಟು ಬಿಚ್ಚುತ್ತ. “ನಿನ್ನ ನೋಡೋಕೆ ಬರ್ತಾರಾ ಈಗ?”

ಮಂಗಳವಾರ ಇಡೀ ದಿನ ಅವಳು ಗೇಟಿನ ಸದ್ದು ಕೇಳುತ್ತ ಕೆಲಸ ಮಾಡಿದಳು. ಗೇಟು ಎರಡು ಸಲ ಸದ್ದು ಮಾಡಿತು. ಎರಡು ಸಲವೂ ಗಾಳಿ. ಮರುದಿನ ಹಣೆಗೆ ಬೂದಿ ಹಚ್ಚಿಸಿಕೊಂಡು ಬಂದು ಕರುವಿಗೆ ಹಾಲು ಕುಡಿಸಿದಳು. ಹೆಬ್ಬಾತಿನ ಕೊಬ್ಬಿನ ಡಬ್ಬಿ ತಳ ಕಂಡಿತ್ತು. ಬೆರಳು ಹಾಕಿ ಸವರಿದಳು. ಏನೂ ಬರಲಿಲ್ಲ.

ಆಮೇಲೆ ಆ ಭಾನುವಾರ ಬಂತು.

ಫಾದರ್ ಟೂಮಿ ಪ್ರವಚನಕ್ಕೆ ನಿಂತರೆ ಸಾಮಾನ್ಯವಾಗಿ ನರಕದಿಂದ ಶುರು ಮಾಡುತ್ತಿದ್ದರು. ಅವತ್ತು ಕುಟುಂಬದಿಂದ ಶುರು ಮಾಡಿದರು.

“ನಮ್ಮ ನಡುವೆ ಒಬ್ಬ ಮಗಳಿದ್ದಾಳೆ. ಹೆಸರು ಹೇಳೋದಿಲ್ಲ. ಮೂರನೇ ಬೆಂಚಿನಲ್ಲಿ ಕೂತಿದ್ದಾಳೆ.”

ಹೆಂಗಸರ ಕಡೆಯ ತಲೆಗಳೆಲ್ಲ ಮೂರನೇ ಬೆಂಚಿಗೆ ತಿರುಗಿದವು. ಗಂಡಸರ ಕಡೆಯವೂ ತಿರುಗಿದವು. ಹೆಸರು ಹೇಳದೆ ಇದ್ದದ್ದು ಫಾದರ್ ಅವರ ದೊಡ್ಡ ಮನಸ್ಸು.

“ಅವಳ ತಾಯಿ ಕೊನೆಯುಸಿರು ಎಳೆಯುವಾಗ ಅವಳ ಕೈ ಹಿಡಿದು, ಮಗಳೇ ಈ ಮನೆ ಬಿಟ್ಟು ಹೋಗಬೇಡ, ನಿಮ್ಮಣ್ಣನ ಸಂಸಾರ ನೋಡಿಕೋ ಅಂದಳು. ಮಗಳು ಮಾತು ಕೊಟ್ಟಳು. ಕಳೆದ ಭಾನುವಾರ ಆ ಮನೆಗೆ ಒಬ್ಬ ಕೂಲಿಯವನು ಹೆಣ್ಣು ಕೇಳಿಕೊಂಡು ಬಂದ. ಈ ಮಗಳು ಏನು ಮಾಡಿದಳು? ತಾಯಿಗೆ ಕೊಟ್ಟ ಮಾತಿದೆ, ನಾನು ಬರೋದಿಲ್ಲ ಅಂತ ಹೇಳಿ ಕಳಿಸಿದಳು. ಆಸೆಯನ್ನು ಮೆಟ್ಟಿ ನಿಂತಳು. ಇದು ಕರ್ತವ್ಯ!”

ಗೊಬ್ನಿಟ್ ಕೈಯಲ್ಲಿದ್ದ ಜಪಮಣಿಯನ್ನು ನೋಡುತ್ತ ಕೂತಿದ್ದಳು. ಅವಳಿಗೆ ಒಂದೇ ಪ್ರವಚನದಲ್ಲಿ ಎರಡು ಸುದ್ದಿ ಸಿಕ್ಕವು. ಥೇಡಿ ಬಂದಿದ್ದ. ತಾನು ಬೇಡ ಎಂದು ಹೇಳಿ ಕಳಿಸಿದ್ದಳು.

ಮೊದಲ ಬೆಂಚಿನಲ್ಲಿ ಯೂಜೀನನ ಕಿವಿ ಖುಷಿಗೆ ಕೆಂಪಾಗಿತ್ತು. ಸುಳ್ಳನ್ನು ಥೇಡಿಗೆ ಹೇಳಿ ಸುಮ್ಮನಿದ್ದಿದ್ದರೆ ಅದು ಅಲ್ಲೇ ಮುಚ್ಚಿಹೋಗುತ್ತಿತ್ತು. ಆದರೆ ಇಷ್ಟು ಒಳ್ಳೆಯ ಸುಳ್ಳು ಮನೆಯಲ್ಲೇ ಕೊಳೆಯುವುದನ್ನು ಅವನಿಗೆ ಸಹಿಸಲಾಗಲಿಲ್ಲ. ಪಾದ್ರಿಯ ಮನೆಗೆ ಹೋಗಿ ಒಪ್ಪಿಸಿ ಬಂದಿದ್ದ. ಮನೆತನಕ್ಕೆ ಪೀಠದ ಮೇಲಿಂದ ಹೊಗಳಿಕೆ ಸಿಗುವುದು ದಿನಾ ಆಗುವ ಮಾತಲ್ಲ.

ಪೂಜೆ ಮುಗಿಯಿತು. ಒಳಗೆ ಅವಳು ಮದುವೆಯಾಗದ್ದಕ್ಕೆ ಹೊಗಳಿಕೆ ಕೇಳಿದ ಜನ ಹೊರಗೆ ಬಂದು ಅದೇ ಮದುವೆಯಾಗದ್ದಕ್ಕೆ ಸುಣ್ಣ ಹಿಡಿದು ಸಾಲು ನಿಂತಿದ್ದರು. ಮಂಗಳವಾರವಷ್ಟೇ ಮದುವೆಯಾಗಿದ್ದ ಜೂಲಿಯಾ ಎಂಬ ಹುಡುಗಿಯ ಕೈಯಲ್ಲಿ ಹೊಸ ಸೀಮೆಸುಣ್ಣ. ಹೋದ ವರ್ಷ ಅವಳ ಬೆನ್ನಿಗೇ ಬಿದ್ದಿತ್ತು. ಈ ವರ್ಷ ಅವಳಿಗೆ ಅಧಿಕಾರ ಬಂದಿತ್ತು. ಓಡಿ ಬಂದು ಗೊಬ್ನಿಟ್‌ಳ ಬೆನ್ನ ಮೇಲೆ ಒತ್ತಿ ಎಳೆದಳು. ಎಷ್ಟು ಒತ್ತಿದಳೆಂದರೆ ಸುಣ್ಣ ಮುರಿದು ನೆಲಕ್ಕೆ ಬಿತ್ತು.

“ಹತ್ತೊಂಬತ್ತು!” ಎಂದು ಯಾರೋ ಕೂಗಿದರು. “ಇನ್ನೊಂದಾದ್ರೆ ಇಪ್ಪತ್ತು, ಗೊಬ್ನಿಟ್!”

ಗೊಬ್ನಿಟ್ ನಗಲಿಲ್ಲ. ಬಗ್ಗಿ ಸುಣ್ಣದ ತುಂಡು ಎತ್ತಿಕೊಂಡಳು.

ಕಂಬದ ಬಳಿ ಯೂಜೀನ್ ಫಾದರ್ ಟೂಮಿ ಜೊತೆ ನಿಂತಿದ್ದ. ಫಾದರ್ ಮುಖ ರಸ್ತೆಯ ಕಡೆ, ಯೂಜೀನನ ಬೆನ್ನು ಜನರ ಕಡೆ. ಕೋಟಿನ ಮೇಲೆ ಮೂರು ಹುಲ್ಲಿನ ಚೂರು. ಗೊಬ್ನಿಟ್ ಹೋಗಿ ಹಿಂದೆ ನಿಂತಳು. ಅವಳ ಕೈ ತಾಗಿದ್ದೇ ತಡ ಅವನು ಅಭ್ಯಾಸದಂತೆ ಬೆನ್ನು ಬಾಗಿಸಿದ.

ಮೇಲಿನಿಂದ ಕೆಳಕ್ಕೆ ಒಂದು ಗೆರೆ ಎಳೆದಳು. ಕಾಲರಿನಿಂದ ಸೊಂಟದ ಪಟ್ಟಿಯ ತನಕ.

“ಭುಜದ ಹತ್ರ ಸರಿಯಾಗಿ ಉಜ್ಜು,” ಎಂದ ಯೂಜೀನ್, ತಿರುಗದೆ.

ಭುಜದ ಹತ್ತಿರ ಸರಿಯಾಗಿ ಉಜ್ಜಿದಳು. ಈ ಭುಜದಿಂದ ಆ ಭುಜಕ್ಕೆ.

ಗೇಟಿನ ಹತ್ತಿರದ ಗದ್ದಲ ನಿಂತಿತು. ಜೂಲಿಯಾ ಬಾಯಿಗೆ ಕೈ ಅಡ್ಡ ಹಿಡಿದಳು. ಗೋಡೆಗೆ ಒರಗಿದ್ದ ಮುದುಕಿ ನ್ಯಾನ್ಸ್ ಕ್ವಿಲ್ ಮಾತ್ರ ಹೊಟ್ಟೆ ಹಿಡಿದುಕೊಂಡು, ಸದ್ದಿಲ್ಲದೆ, ಕುಲುಕತೊಡಗಿದಳು. ಗಂಡ ಸತ್ತ ಮೇಲೆ ಬೇಲಿಯಾಚೆ ಒಂಟಿಯಾಗಿದ್ದ ಹೆಂಗಸು ಅವಳು. ಹರ್ಲಿಹಿಗಳ ಮನೆಯ ಸುದ್ದಿ ಹರ್ಲಿಹಿಗಳಿಗಿಂತ ಮೊದಲು ಅವಳಿಗೆ ಗೊತ್ತಾಗುತ್ತಿತ್ತು.

“ಬಾಮ್ಮ ಗೊಬ್ನಿಟ್,” ಎಂದರು ಫಾದರ್ ಟೂಮಿ. “ನಿಮ್ಮಮ್ಮನ ಕೊನೇ ಮಾತು ದೊಡ್ಡ ಮಾತು.”

“ಯಾವ ಮಾತು ಫಾದರ್? ಇನ್ನೊಂದ್ಸಲ ಹೇಳಿ. ನಾನು ಪಕ್ಕದಲ್ಲೇ ಇದ್ದೆ, ನಂಗೆ ಕೇಳಿಸಲಿಲ್ಲ.”

“ಅಂದ್ರೆ?”

“ನಮ್ಮಮ್ಮ ಕೊನೇಗೆ ಹೇಳಿದ್ದು, ಕೋಳಿ ಓಟ್ಸಿನ ಮೂಟೆಗೆ ಬಾಯಿ ಹಾಕ್ತಿದೆ, ಓಡಿಸೇ ಅಂತ. ನಾನು ಓಡಿಸಿ ಬಂದೆ. ಬರೋದ್ರೊಳಗೆ ಹೋಗಿದ್ಲು. ಅಣ್ಣ ಅವತ್ತು ಕರು ಮಾರೋಕೆ ಸಂತೆಗೆ ಹೋಗಿದ್ದ. ಒಂಬತ್ತು ಮೈಲಿ. ಅಲ್ಲೀ ತನಕ ಕೇಳಿಸ್ತಾ ಅಣ್ಣಾ, ಅಮ್ಮನ ಮಾತು?”

ಯೂಜೀನ್ ಈಗ ತಿರುಗಿದ. ತಿರುಗಿದ್ದರಿಂದ ಫಾದರ್ ಕಡೆಗೆ ಬೆನ್ನಾಯಿತು. ಫಾದರ್ ಆ ಬೆನ್ನನ್ನು ನೋಡಿದರು. ಅದನ್ನು ಹೇಳುವುದೋ ಬಿಡುವುದೋ ಅವರಿಗೆ ತಿಳಿಯಲಿಲ್ಲ.

“ಏನೇನೋ ಮಾತಾಡ್ಬೇಡ ಇಲ್ಲಿ,” ಎಂದ ಯೂಜೀನ್, ಹಲ್ಲು ಕಚ್ಚಿ. “ಗಾಡಿ ಹತ್ತು.”

“ಥೇಡಿ ಬಂದಿದ್ದ. ನಾನು ಬೇಡ ಅಂದೆ ಅಂದ್ಯಾ?”

“ಅವನು ಕೂಲಿಯವನು ಕಣೇ! ಹರ್ಲಿಹಿ ಮನೆ ಹೆಣ್ಣು ಹೋಗಿ ಸರ್ಕಾರದ ಮನೇಲಿ ಇರೋದಾ? ಜನ ಏನಂತಾರೆ?”

“ಹತ್ತೊಂಬತ್ತು ವರ್ಷದಿಂದ ಏನಂತಿದಾರೋ ನನ್ನ ಬೆನ್ನ ಮೇಲೆ ಬರ್ದಿದೆ. ಓದ್ಕೋ.”

ಫಾದರ್ ಕೈ ಎತ್ತಿದರು. “ಗೊಬ್ನಿಟ್, ಕರ್ತವ್ಯ ಅನ್ನೋದು...”

“ಒಳಗೆ ನಿಂತು ಹೊಗಳ್ತೀರಿ ಫಾದರ್, ಹೊರಗೆ ಬಂದ್ರೆ ಸುಣ್ಣ ಬಳೀತಾರೆ, ನೀವು ನಿಂತು ನೋಡ್ತೀರಿ. ಎರಡರಲ್ಲಿ ಒಂದು ಸುಳ್ಳು. ಯಾವುದು ಅಂತ ನೀವೇ ಯೋಚ್ನೆ ಮಾಡಿ, ಓದಿದೋರು. ನಂಗೆ ಕೆಲಸ ಇದೆ.”

“ಏನು ಕೆಲಸ?” ಎಂದಳು ಹನೋರಾ, ಗಾಡಿಯ ಮೇಲಿಂದ.

“ಭೂಮಿ ನೋಡೋಕೆ ಹೋಗ್ಬೇಕು ಅತ್ತಿಗೆ. ನಮ್ಮ ಮನೆ ಗಂಡಸರಿಗೆ ಪುರಸೊತ್ತಾಗಿಲ್ಲ.”

ಅವಳು ರಸ್ತೆಗೆ ಇಳಿದಳು. ಯೂಜೀನನ ಬಾಯಲ್ಲಿ ಒಂದೇ ಮಾತು ಬಂತು. ತಂಗಿ ಎನ್ನಲಿಲ್ಲ, ಗೊಬ್ನಿಟ್ ಎನ್ನಲಿಲ್ಲ.

“ಹಸು?” ಎಂದ.

“ಬೆಳಿಗ್ಗೆದು ಕರೆದಿದೀನಿ,” ಎಂದಳು ಅವಳು, ನಿಲ್ಲದೆ. “ಸಂಜೇದು ನಿಂದು.”

ಎರಡು ಮೈಲಿ ನಡೆದಳು. ಹತ್ತೊಂಬತ್ತನೇ ಶಿಲುಬೆ ಬೆನ್ನ ಮೇಲೇ ಇತ್ತು. ದಾರಿಯಲ್ಲಿ ಸೈಕಲ್ ಹಿಡಿದು ಬರುತ್ತಿದ್ದ ಒಬ್ಬ ನಕ್ಕ. ಮುಖ ನೋಡಿ ನಗು ನಿಲ್ಲಿಸಿದ.

ಥೇಡಿ ಮುಂಜಾನೆಯ ಪೂಜೆಗೇ ಹೋಗಿ ಬಂದಿದ್ದ, ಜನ ಕಮ್ಮಿ ಎಂದು. ಕಮ್ಮಿ ಜನರಲ್ಲೂ ಸೀಮೆಸುಣ್ಣ ಇತ್ತು. ಬಾಗಿಲ ಮುಂದೆ ಕೂತು ಆಲೂಗಡ್ಡೆ ತೊಳೆಯುತ್ತಿದ್ದವನ ಬೆನ್ನ ಮೇಲೂ ಶಿಲುಬೆ ಇತ್ತು. ಅವಳನ್ನು ಕಂಡು ಏಳಲಿಲ್ಲ.

“ದಾರಿ ತಪ್ಪಿ ಬಂದ್ಯಾ?” ಎಂದ. “ಬೇಡ ಅಂತ ಹೇಳಿ ಕಳಿಸಿದೋಳು.”

“ನಾನು ಹೇಳಿಲ್ಲ. ಹನೋರಾ ತೌರಲ್ಲಿ ಆಲೂಗಡ್ಡೆ ಕೊಯ್ತಾ ಕೂತಿದ್ದೆ. ನೀನು ಬಂದಿದ್ದು ಇವತ್ತು ಪ್ರವಚನದಲ್ಲಿ ಗೊತ್ತಾಯ್ತು.”

“ಬರೋದು ಮೊದ್ಲೇ ನಿಮ್ಮಣ್ಣಂಗೆ ಹೇಳಿ ಕಳಿಸಿದ್ದೆ. ನನ್ನ ಬಾಟ್ಲಿ ಮಾತ್ರ ಪೂರ್ತಿ ಕುಡಿದ,” ಎಂದ ಥೇಡಿ. ಆಮೇಲೆ ಅವಳು ಹೇಳಿದ್ದು ಅರ್ಥವಾಗಿ ಕೈಯಲ್ಲಿದ್ದ ಆಲೂಗಡ್ಡೆ ನೀರಿಗೆ ಬಿಟ್ಟ. “ನೀನು ಹೇಳಿಲ್ವಾ?”

“ಏಳು. ಭೂಮಿ ತೋರ್ಸು.”

“ಈಗ್ಲಾ? ನೀನಾ?”

“ಇನ್ಯಾರು ಬಾಳೋದು ಇಲ್ಲಿ, ನಮ್ಮಣ್ಣನಾ?”

ಅವಳು ಮುಂದೆ, ಅವನು ಹಿಂದೆ. ಅವಳು ಹಿಮ್ಮಡಿಯಿಂದ ಮಣ್ಣು ಒದ್ದಳು. ಕಪ್ಪು ಮಣ್ಣು, ಕಲ್ಲು ಕಮ್ಮಿ. ಬೇಲಿ ಮೂಲೆಯಲ್ಲಿ ಜೊಂಡು ಎದ್ದಿತ್ತು.

“ಇಲ್ಲಿ ನೀರು ನಿಲ್ತದೆ. ಕಾಲುವೆ ತೆಗೀಬೇಕು.”

“ತೆಗೀತೀನಿ.”

“ನೀರು ಎಲ್ಲಿಂದ?”

“ರಸ್ತೆ ಆಚೆ ಬಾವಿ.”

“ಹೊರೋರು ಯಾರು?”

ಥೇಡಿ ಸ್ವಲ್ಪ ಯೋಚಿಸಿದ. “ನಾನು,” ಎಂದ. ಇದನ್ನು ಅವಳು ಎರಡು ಸಲ ಕೇಳಿ ಖಚಿತ ಮಾಡಿಕೊಂಡಳು.

“ಹಸು?”

“ಒಂದು ಮೇಕೆ. ಅದೂ ಒದೀತದೆ.”

“ಒದೀಲಿ. ಹನ್ನೊಂದು ಬಾಯಿಗೆ ಹಾಕಿದೋಳಿಗೆ ಒಂದು ಯಾವ ಲೆಕ್ಕ.” ಬಾಗಿಲಲ್ಲಿ ತಲೆ ಹಾಕಿ ಒಲೆ ನೋಡಿದಳು. “ಹೊಗೆ ಒಳಗೆ ಬರ್ತದಾ?”

“ಪೂರ್ವದ ಗಾಳಿ ಬೀಸಿದ್ರೆ ಬರ್ತದೆ.”

“ಇಷ್ಟಾದ್ರೂ ನಿಜ ಹೇಳ್ದೆ,” ಎಂದಳು ಗೊಬ್ನಿಟ್.

ಅರ್ಧ ಎಕರೆ ಮುಗಿಯಿತು. ಪಕ್ಕದವರ ಬೇಲಿಗೆ ಮೂಗು ತಾಗಲಿಲ್ಲ, ಸ್ವಲ್ಪ ಉಳಿದಿತ್ತು. ಅವಳು ಅಂಗೈಗೆ ಉಗುಳಿಕೊಂಡು ಕೈ ಚಾಚಿದಳು, ಸಂತೆಯಲ್ಲಿ ಗಂಡಸರು ವ್ಯವಹಾರ ಮುಗಿಸುವ ಹಾಗೆ. ಥೇಡಿಯೂ ಉಗುಳಿಕೊಂಡು ಅಪ್ಪಳಿಸಿ ಹಿಡಿದ. ಬಿಡಲಿಲ್ಲ. ಅವಳೂ ಬಿಡಲಿಲ್ಲ. ಇನ್ನೊಂದು ಕೈಯನ್ನು ಅವಳು ಅವನ ಕುತ್ತಿಗೆಯ ಹಿಂದೆ, ಕೆಂಪಾದ ಜಾಗದಲ್ಲಿ ಇಟ್ಟಳು. ಅಕ್ಟೋಬರಿನಿಂದ ಇಡಬೇಕೆಂದಿದ್ದ ಕೈ.

“ಈಸ್ಟರ್ ತನಕ ಮದ್ವೆ ಮಾಡ್ಸಲ್ವಲ್ಲ,” ಎಂದ ಅವನು.

“ಆರು ವಾರ. ಇಷ್ಟು ವರ್ಷ ಬೇರೆಯವರು ಕಾಯಿಸಿದ್ರು, ಆರು ವಾರ ನಾನೇ ಕಾಯ್ತೀನಿ. ನಿನ್ನ ಕೋಟು ಉಜ್ಜಬೇಡ. ಇರ್ಲಿ.”

ಮಧ್ಯಾಹ್ನ ಅವಳು ನ್ಯಾನ್ಸ್ ಕ್ವಿಲ್ ಮನೆಗೆ ಹೋದಳು. ನ್ಯಾನ್ಸ್ ಆಗಲೇ ಮಂಚದ ಹುಲ್ಲು ಬದಲಾಯಿಸಿ, ಹಾಲಿಲ್ಲದ ಚಹಾ ಕಾಸಿ ಇಟ್ಟಿದ್ದಳು.

“ಬಾರೇ ಹುಡುಗಿ,” ಎಂದಳು. “ಬಾಡಿಗೆ ಅಂತ ಏನೂ ಬೇಡ. ಫಾದರ್ ಆ ಬೆನ್ನು ನೋಡಿದಾಗ ಮುಖ ಹೇಗೆ ಮಾಡಿದ್ರು, ದಿನಾ ಒಂದ್ಸಲ ಮಾಡಿ ತೋರ್ಸು. ಸಾಕು.”

ಐದು ಗಂಟೆಗೆ ಬೇಲಿಯಾಚೆ ಹಸುಗಳು ಕೂಗತೊಡಗಿದವು. ಹನ್ನೊಂದರಲ್ಲಿ ಆರು ಕರು ಹಾಕಿದ್ದವು. ಕೆಚ್ಚಲು ಕಟ್ಟಿಕೊಂಡ ಹಸುವಿನ ಕೂಗು ಬೇರೆ. ಗೊಬ್ನಿಟ್‌ಗೆ ಪ್ರತಿಯೊಂದರ ದನಿ ಗೊತ್ತು. ಈಗ ಕೂಗಿದ್ದು ಕೆಂಪು ಹಸು, ನಿನ್ನೆ ಮೊನ್ನೆ ಈದದ್ದು, ಇನ್ನೂ ಗಿಣ್ಣು ಕೊಡುತ್ತಿದೆ. ಅವಳ ಬೆರಳುಗಳು ತಾವಾಗಿ ಮಡಚಿದವು, ಬಿಚ್ಚಿದವು, ಮಡಚಿದವು. ಎದ್ದು ನಿಂತಳು.

“ಎಲ್ಲಿಗೆ?” ಎಂದಳು ನ್ಯಾನ್ಸ್.

“ಹಸು ಏನು ಪಾಪ ಮಾಡಿದೆ ನ್ಯಾನ್ಸಕ್ಕ?”

“ಏನೂ ಮಾಡಿಲ್ಲ. ಕೈ ಇರೋರು ಇನ್ನಿಬ್ಬರಿದಾರೆ ಆ ಮನೇಲಿ. ಕೂತ್ಕೋ.”

ಗೊಬ್ನಿಟ್ ಕೂತಳು. ಎರಡೂ ಕೈಗಳನ್ನು ತೊಡೆಯ ಕೆಳಗೆ ಹಾಕಿ ಅದರ ಮೇಲೆ ಕೂತಳು. ಅಷ್ಟು ಕಷ್ಟದ ಕೆಲಸ ಅವಳು ಜೀವನದಲ್ಲೇ ಮಾಡಿರಲಿಲ್ಲ.

ಸ್ವಲ್ಪ ಹೊತ್ತಿಗೆ ಯೂಜೀನ್ ಬಂದು ಅರೆಬಾಗಿಲ ಮೇಲೆ ಮೊಣಕೈ ಊರಿದ. ಕೋಟು ಮೈಮೇಲೇ ಇತ್ತು. ತೋಳಿನ ಮೇಲೆ ಹಾಲು ಚೆಲ್ಲಿತ್ತು.

“ಕೆಂಪು ಹಸು ನಿಲ್ತಿಲ್ಲ,” ಎಂದ. “ಹನೋರಾನ ಒದ್ದುಬಿಟ್ತು.”

“ಎಡಗಡೆ ಕೂತ್ರೆ ಒದೀತದೆ. ಬಲಗಡೆ ಕೂರ್ಬೇಕು.”

“ಬಂದು ತೋರ್ಸು.”

“ಹೇಳಿದ್ನಲ್ಲ. ಬಲಗಡೆ.”

“ಗೊಬ್ನಿಟ್, ನಾನು ನಿನ್ನ ಅಣ್ಣ ಅಲ್ವಾ?”

“ಹೌದು,” ಎಂದಳು. “ಇಷ್ಟು ವರ್ಷ ಆಯ್ತು, ಇವತ್ತು ಹಸು ಕೂಗಿದ ಮೇಲೆ ಜ್ಞಾಪಕ ಬಂತಾ?”

ಅವನು ತಿರುಗಿ ಹೋದ. ಬೆನ್ನ ಮೇಲಿನ ಶಿಲುಬೆ ಬೇಲಿ ದಾಟುವ ತನಕ ಬೆಳ್ಳಗೆ ಕಾಣುತ್ತಿತ್ತು. ನ್ಯಾನ್ಸ್ ಬಾಯಿ ತೆರೆದಳು. ಗೊಬ್ನಿಟ್ ಬೇಡವೆಂದು ತಲೆಯಾಡಿಸಿದಳು.

ಮುಂದಿನ ಭಾನುವಾರ ಯೂಜೀನ್ ಹರ್ಲಿಹಿ ಎಂದಿನಂತೆ ಮೊದಲ ಬೆಂಚಿನಲ್ಲಿ ಕೂತ. ಅದೇ ಕೋಟು. ವಾರವಿಡೀ ಮೊಳೆಯಲ್ಲಿ ತೂಗುತ್ತಿತ್ತು. ಸುಣ್ಣ ಅಲ್ಲಲ್ಲಿ ಉದುರಿತ್ತು, ಅಷ್ಟೆ. ಮಂಡಿಯೂರಿದಾಗ ಭುಜದಿಂದ ಭುಜಕ್ಕೆ, ಕಾಲರಿನಿಂದ ಸೊಂಟಕ್ಕೆ, ಶಿಲುಬೆ ಇಡೀ ಚರ್ಚಿಗೆ ಕಂಡಿತು. ಹೆಂಗಸರ ಕಡೆ ಹನೋರಾ ಅದನ್ನು ನೋಡುತ್ತಲೇ ಕೂತಿದ್ದಳು. ವಾರದಿಂದ ನೋಡಿದ್ದಳೋ, ಅವತ್ತೇ ನೋಡಿದಳೋ ಯಾರಿಗೆ ಗೊತ್ತು. ಜಪಮಣಿ ಹಿಡಿದ ಅವಳ ಬೆರಳ ಗೆಣ್ಣುಗಳು ಸೀಳಿದ್ದವು. ಅವಳು ಗಂಡನಿಗೆ ಏನನ್ನೂ ಹೇಳಿರಲಿಲ್ಲ. ಫಾದರ್ ಟೂಮಿ ಅವತ್ತು ನರಕದಿಂದಲೇ ಶುರು ಮಾಡಿದರು, ಬೇಗ ಮುಗಿಸಿದರು.

ಗೇಟಿನ ಹತ್ತಿರ ಯಾರೂ ನಗಲಿಲ್ಲ. ಗೊಬ್ನಿಟ್ ನ್ಯಾನ್ಸ್ ಕ್ವಿಲ್‌ಳ ತೋಳು ಹಿಡಿದು ಮೆಲ್ಲಗೆ ಹೊರಗೆ ಬಂದಳು. ಗೋಡೆಯ ಬಳಿ ಥೇಡಿ ಟೋಪಿ ಕೈಯಲ್ಲಿ ಹಿಡಿದು ಕಾಯುತ್ತಿದ್ದ. ಮೂವರೂ ರಸ್ತೆಗೆ ಇಳಿದರು.

ಯೂಜೀನ್ ಕಂಬದ ಬಳಿ ನಿಂತಿದ್ದ. ಅವನ ಜೊತೆ ಮಾತಾಡಲು ಯಾರೂ ಬಂದಿರಲಿಲ್ಲ. ಗಾಡಿಯ ಹುಲ್ಲು ಕೋಟಿಗೆ ಅಂಟಿರಬೇಕು ಎಂದು ಅವನಿಗೆ ಅನಿಸಿರಬಹುದು. ಎಂದಿನ ಹಾಗೆ ಬೆನ್ನು ಸ್ವಲ್ಪ ಬಾಗಿಸಿದ. ಕಾದ.